ಯಾವ ಹೆಣ್ಣಿನ ಚರಿತ್ರೆ?

ಹೆಣ್ಣಿನ ಚರಿತ್ರೆ ಹೇಳುತ್ತೇವೆಂದು ಹೊರಟ ಪುಸ್ತಕಗಳು ಕನ್ನಡದಲ್ಲಿ ಈಗ ಕಡಿಮೆಯೇನಿಲ್ಲ. ವೇದಕಾಲದ ಹೆಣ್ಣು, ಶಾಸನಗಳಲ್ಲಿ ಹೆಣ್ಣು, ವೀರರಾಣಿಯರು, ಶರಣೆಯರು, ಜನಪದದಲ್ಲಿ ಹೆಣ್ಣು ಅಂತ ಸಾಲುಸಾಲಾಗಿ ಬಂದಿವೆ. ಬರಲಿ. ಗಂಡಸರ ಚರಿತ್ರೆಯನ್ನೇ ನಾಡಿನ ಚರಿತ್ರೆ ಅಂತ ಓದಿಕೊಂಡು ಪರೀಕ್ಷೆ ಪಾಸಾದ ನಮಗೆ ಇವು ಬೇಕಾಗಿದ್ದವು. ಆದರೆ ಇವನ್ನೆಲ್ಲ ಓದಿ ಮುಗಿಸಿದ ಮ್ಯಾಲೂ ಕೇರಿಯ ಒಂದು ಪ್ರಶ್ನೆ ಹಂಗ ಉಳೀತದ: ಇದು ಯಾವ ಹೆಣ್ಣಿನ ಚರಿತ್ರೆ? ಆಕಿ ಮುಂಜಾನೆ ಎದ್ದು ಯಾರ ಅಂಗಳ ಕಸ ಹೊಡೀತಿದ್ದಳು? ಇಲ್ಲಾ, ಆಕಿ ಅಂಗಳದ ಕಸ ಯಾರು ಹೊಡೀತಿದ್ದರು?

ಈ ಪ್ರಶ್ನೆಯನ್ನು ನಾವು ಕಮತಗಿಯಲ್ಲಿ ನಿಂತು ಕೇಳುತ್ತಿದ್ದೇವೆ. ಕರ್ನಾಟಕದ ಹೆಣ್ಣಿನ ಅಧಿಕಾರದ ಬಗ್ಗೆ ಬರೆಯುವವರು ಯಾರೂ ನಮ್ಮ ಸೀಮೆಯನ್ನು ಬಿಟ್ಟು ಬರೆಯಲಾರರು. ಪಟ್ಟದಕಲ್ಲು, ಮಹಾಕೂಟ, ಅರಸಿಬೀದಿ, ಕೂಡಲಸಂಗಮ ಎಲ್ಲ ನಮ್ಮ ಸುತ್ತಮುತ್ತಲೇ ಇವೆ. ಊರೊಳಗೆ ಮಗ್ಗಗಳಿವೆ. ಆ ಕಲ್ಲಿಗೂ ಈ ಮಗ್ಗಕ್ಕೂ ನಡುವೆ ಎಷ್ಟು ದೂರವಿದೆ ಅನ್ನುವುದೇ ಈ ಪುಸ್ತಕಗಳಿಗೆ ನಾವು ಹಿಡಿಯುವ ಅಳತೆಗೋಲು.

ಮೊದಲು ಎಲ್ಲ ಪುಸ್ತಕಗಳ ಅಜ್ಜನಂತಿರುವ ಒಂದು ಪುಸ್ತಕ. ಎ. ಎಸ್. ಆಳ್ತೇಕರ್ ಅವರು ಹಿಂದೂ ನಾಗರಿಕತೆಯಲ್ಲಿ ಹೆಣ್ಣಿನ ಸ್ಥಾನದ ಬಗ್ಗೆ ೧೯೩೮ರಲ್ಲಿ ಇಂಗ್ಲಿಷಿನಲ್ಲಿ ಬರೆದರು. ವೇದಕಾಲದಲ್ಲಿ ಹೆಣ್ಣಿಗೆ ಉಪನಯನವಿತ್ತು, ವಿದ್ಯೆಯಿತ್ತು, ಗೌರವವಿತ್ತು, ಆಮೇಲೆ ಇಳಿಯುತ್ತ ಬಂತು ಅನ್ನುವುದು ಅದರ ಸಾರ. ನಮ್ಮ ಪಠ್ಯಪುಸ್ತಕಗಳು, ಭಾಷಣಗಳು, ಮಹಿಳಾ ದಿನಾಚರಣೆಯ ಸ್ವಾಗತದ ಮಾತುಗಳು ಇವತ್ತಿಗೂ ಇದೇ ಜಾಡಿನಲ್ಲಿ ನಡೆಯುತ್ತಿವೆ. ಗಾರ್ಗಿ, ಮೈತ್ರೇಯಿ ಅಂತ ಎರಡು ಹೆಸರು ಹೇಳಿದರೆ ಹೆಣ್ಣಿನ ಚರಿತ್ರೆ ಮುಗೀತು! ೧೯೮೯ರಲ್ಲಿ ಉಮಾ ಚಕ್ರವರ್ತಿಯವರು ಒಂದು ಲೇಖನದಲ್ಲಿ ನೇರವಾಗಿ ಕೇಳಿದರು: ವೇದಕಾಲದ ದಾಸಿ ಎಲ್ಲಿ ಹೋದಳು? ಅದೇ ವೇದಗಳಲ್ಲಿ ದಾನ ಕೊಡುವ ವಸ್ತುಗಳ ನಡುವೆ ದಾಸಿಯರೂ ಇದ್ದಾರೆ. ಆದರೆ ಸುವರ್ಣಯುಗದ ಚಿತ್ರ ಬರೆಯುವಾಗ ಮೇಲ್ಜಾತಿಯ ಆರ್ಯಸ್ತ್ರೀಯೊಬ್ಬಳೇ ಹೆಣ್ಣಾದಳು, ದಾಸಿ ಲೆಕ್ಕದಿಂದ ಹಾರಿಹೋದಳು. ಈ ಒಂದು ಪ್ರಶ್ನೆ ಅರ್ಧ ಕಪಾಟಿನ ಪುಸ್ತಕಗಳನ್ನು ಅಲುಗಾಡಿಸಬಲ್ಲದು.

ನೆನಪಿಡಬೇಕಾದ ಇನ್ನೊಂದು ಸಂಗತಿ ಇದೆ. ಆಳ್ತೇಕರರ ಪುಸ್ತಕಕ್ಕಿಂತ ೨೨ ವರ್ಷ ಮೊದಲು, ೧೯೧೬ರಲ್ಲಿ, ಬಾಬಾಸಾಹೇಬರು ಕೊಲಂಬಿಯಾ ವಿಶ್ವವಿದ್ಯಾಲಯದಲ್ಲಿ ಜಾತಿಯ ಬಗ್ಗೆ ಪ್ರಬಂಧ ಓದಿದ್ದರು. ಸತಿ, ಬಲವಂತದ ವೈಧವ್ಯ, ಬಾಲ್ಯವಿವಾಹ, ಈ ಮೂರೂ ಜಾತಿಯೊಳಗೇ ಮದುವೆ ಅನ್ನುವ ಬೇಲಿಯನ್ನು ಕಾಯಲು ಹುಟ್ಟಿದ ಉಪಾಯಗಳು ಎಂದು ಅವರು ತೋರಿಸಿದರು. ಅಂದರೆ ಹೆಣ್ಣಿನ ಚರಿತ್ರೆಯನ್ನು ಜಾತಿಯ ಚರಿತ್ರೆಯಿಂದ ಬಿಡಿಸಿ ಹೇಳಲಿಕ್ಕೇ ಬರುವುದಿಲ್ಲ. ಬಿಡಿಸಿ ಹೇಳುವವರು ಏನನ್ನೋ ಮುಚ್ಚುತ್ತಿದ್ದಾರೆ ಅಂತಲೇ ಅರ್ಥ.

ಈಗ ನಮ್ಮ ಕಲ್ಲುಗಳಿಗೆ ಬರೋಣ. ಎಂಟನೆಯ ಶತಮಾನದಲ್ಲಿ ಎರಡನೆಯ ವಿಕ್ರಮಾದಿತ್ಯ ಕಂಚಿಯನ್ನು ಗೆದ್ದ ನೆನಪಿಗೆ ರಾಣಿ ಲೋಕಮಹಾದೇವಿ ಪಟ್ಟದಕಲ್ಲಿನಲ್ಲಿ ಲೋಕೇಶ್ವರ ಗುಡಿ ಕಟ್ಟಿಸಿದಳು. ಇಂದಿನ ವಿರೂಪಾಕ್ಷ ಗುಡಿ ಅದೇ. ಪಕ್ಕದ ಮಲ್ಲಿಕಾರ್ಜುನ ಗುಡಿ ಇನ್ನೊಬ್ಬ ರಾಣಿ ತ್ರೈಲೋಕ್ಯಮಹಾದೇವಿಯದು. ೧೦೪೭ರ ಅರಸಿಬೀದಿಯ ಶಾಸನ ಚಾಲುಕ್ಯರ ಅಕ್ಕಾದೇವಿ ಗೋಕಾಗೆಯ ಕೋಟೆಗೆ ಮುತ್ತಿಗೆ ಹಾಕಿದ್ದನ್ನು ಹೇಳುತ್ತದೆ. ಕಿಸುಕಾಡು ಎಪ್ಪತ್ತನ್ನು ಆಳಿದಾಕಿ ಆಕೆ. ಪುಸ್ತಕಗಳು ಇದನ್ನೆಲ್ಲ ಹೆಮ್ಮೆಯಿಂದ ಬರೆಯುತ್ತವೆ. ಹೆಣ್ಣು ಆಳಿದಳು, ಹೆಣ್ಣು ಕಾದಿದಳು, ಹೆಣ್ಣು ಕಟ್ಟಿಸಿದಳು. ಹೌದು, ಒಪ್ಪೋಣ. ಹೆಣ್ಣು ಅಬಲೆ ಅನ್ನುವವರ ಬಾಯಿ ಮುಚ್ಚಿಸಲು ಇಷ್ಟು ಸಾಕು.

ಆದರೆ 'ಕಟ್ಟಿಸಿದಳು' ಅನ್ನುವ ಮಾತಿನೊಳಗೆ 'ಕಟ್ಟಿದವರು' ಅಡಗಿದ್ದಾರೆ. ಲೋಕೇಶ್ವರ ಗುಡಿಯ ಶಾಸನದಲ್ಲಿ ಗುಂಡ ಅನ್ನುವ ಸೂತ್ರಧಾರಿಯ ಹೆಸರಾದರೂ ಇದೆ. ಕಲ್ಲು ಹೊತ್ತವರ, ಮಣ್ಣು ತುಳಿದವರ, ನೀರು ತಂದವರ ಹೆಸರಿಲ್ಲ. ದತ್ತಿ ಅಂದರೆ ಏನು? ಒಂದು ಹೊಲದ, ಒಂದು ಊರಿನ ಹುಟ್ಟುವಳಿಯನ್ನು ದೇವರ ಹೆಸರಿಗೆ ಬರೆದುಕೊಡುವುದು. ಆ ಹೊಲದಾಗ ಕಳೆ ಕಿತ್ತಾಕಿ ಹೆಣ್ಣಲ್ಲವೇನು? ರಾಣಿಯ ಔದಾರ್ಯ ಅಂತ ಬರೆಯುವ ಪುಸ್ತಕ ಅದೇ ಸಾಲಿನಲ್ಲಿ ಈ ಇನ್ನೊಬ್ಬ ಹೆಣ್ಣಿನ ದುಡಿಮೆಯನ್ನೂ ಬರೆಯಬೇಕಾಗಿತ್ತು. ಬರೆಯಲಿಲ್ಲ. ಯಾಕಂದ್ರ ಅಧಿಕಾರ ಇದ್ದಾಕಿ ಹೆಣ್ಣಾಗಿಬಿಟ್ಟರೆ ಸಾಕು, ಆ ಅಧಿಕಾರ ಯಾರ ಮ್ಯಾಲ ನಡೀತು ಅನ್ನುವುದನ್ನು ಕೇಳಬಾರದು ಅನ್ನುವ ಮರ್ಯಾದೆಯೊಂದು ಈ ಪುಸ್ತಕಗಳಿಗೆ ಅಂಟಿಕೊಂಡಿದೆ.

ಮಹಾಕೂಟದ ಕಂಬದ ಮ್ಯಾಲೆ ಇನ್ನೊಂದು ಹೆಸರಿದೆ: ವಿನಾಪೋಟಿ. ಚಾಲುಕ್ಯ ವಿಜಯಾದಿತ್ಯನ ಪ್ರಾಣವಲ್ಲಭೆ ಈಕೆ. ಹಿರಣ್ಯಗರ್ಭ ದಾನ ಮಾಡಿದಳು, ದೇವರಿಗೆ ಮಾಣಿಕ್ಯದ ಪೀಠ, ಬೆಳ್ಳಿಯ ಕೊಡೆ, ಭೂಮಿ ಕೊಟ್ಟಳು. ಶಾಸನ ಆಕೆಯನ್ನು ಸೂಳೆ ಎಂದೇ ಕರೆಯುತ್ತದೆ. ಆಕೆಯ ಅಪ್ಪನ ಹೆಸರು ಹೇಳದೆ ತಾಯಿಯ, ಅಜ್ಜಿಯ ಹೆಸರು ಹೇಳುತ್ತದೆ. ಎಂಟನೆಯ ಶತಮಾನದ ಕಲ್ಲಿಗೆ ಇದರಲ್ಲಿ ನಾಚಿಕೆ ಕಾಣಲಿಲ್ಲ. ನಾಚಿಕೆಪಟ್ಟವರು ಇಪ್ಪತ್ತನೆಯ ಶತಮಾನದ ಪಂಡಿತರು. ಕೆಲವರು ಆಕೆಯನ್ನು ರಾಣಿಯ ಸಾಲಿಗೆ ತಳ್ಳಿ ಪಾರಾದರು, ಕೆಲವರು ಒಂದು ಸಾಲು ಬರೆದು ಮುಂದೆ ಹೋದರು. ಇನ್ನು ಕೆಲವರು ಈಕೆಯನ್ನು ತೋರಿಸಿ, ಹಿಂದೆ ಸೂಳೆಯರಿಗೂ ಎಂಥ ಗೌರವವಿತ್ತು ನೋಡಿ ಅನ್ನುತ್ತಾರೆ. ಈ ಮೂರನೆಯವರ ಬಗ್ಗೆ ನಮಗೆ ಹೆಚ್ಚು ಹೆದರಿಕೆ. ಅರಮನೆಯ ವಿನಾಪೋಟಿಗೂ ಎಲ್ಲಮ್ಮನ ಹೆಸರಿನಲ್ಲಿ ಮುತ್ತು ಕಟ್ಟಿಸಿಕೊಂಡ ಕೇರಿಯ ಹುಡುಗಿಗೂ ಒಂದೇ ಪದ ಬಳಸಿ ಸಮಾಧಾನ ಮಾಡಿಕೊಳ್ಳಬೇಡಿ. ದೇವದಾಸಿ ಬಿಡುವುದನ್ನು ನಿಷೇಧಿಸಿ ಕರ್ನಾಟಕ ೧೯೮೨ರಲ್ಲಿ ಕಾಯಿದೆ ಮಾಡಿತು. ಆಮೇಲೆ ೧೯೯೩-೯೪ ಮತ್ತು ೨೦೦೭-೦೮ರಲ್ಲಿ ಸರಕಾರವೇ ನಡೆಸಿದ ಸಮೀಕ್ಷೆಗಳಲ್ಲಿ ಸಿಕ್ಕವರು ಒಟ್ಟು ೪೬ ಸಾವಿರಕ್ಕೂ ಹೆಚ್ಚು. ಬಹುಪಾಲು ದಲಿತ ಹೆಣ್ಣುಮಕ್ಕಳು. ಇವರಿಗೆ ಮಾಣಿಕ್ಯದ ಪೀಠವಿಲ್ಲ, ಬೆಳ್ಳಿಯ ಕೊಡೆಯಿಲ್ಲ. ಹೆಣ್ಣಿನ ಚರಿತ್ರೆಯ ಪುಸ್ತಕಗಳಲ್ಲಿ ಇವರು ಬಂದರೆ 'ಸಾಮಾಜಿಕ ಪಿಡುಗುಗಳು' ಅನ್ನುವ ಅಧ್ಯಾಯದಲ್ಲಿ ಬರುತ್ತಾರೆ. ರಾಣಿ ಚರಿತ್ರೆಗೆ, ಇವರು ಪಿಡುಗಿಗೆ!

ವೀರರಾಣಿಯರ ಪುಸ್ತಕಗಳ ಬಗ್ಗೆ ಹೆಚ್ಚು ಹೇಳುವುದಿಲ್ಲ. ಕೆಳದಿಯ ಚೆನ್ನಮ್ಮ, ಬೆಳವಡಿಯ ಮಲ್ಲಮ್ಮ, ೧೮೨೪ರಲ್ಲಿ ಬ್ರಿಟಿಷರ ಎದುರು ನಿಂತ ಕಿತ್ತೂರಿನ ಚೆನ್ನಮ್ಮ, ಇವರ ಕೆಚ್ಚಿಗೆ ನಮ್ಮ ನಮಸ್ಕಾರವಿದೆ. ಈ ಸಾಲಿನಲ್ಲಿ ದುಡಿಯುವ ಮನೆಯಿಂದ ಬಂದಾಕಿ ಒಬ್ಬಳೇ, ಒನಕೆ ಓಬವ್ವ. ಛಲವಾದಿ ಕುಲದಾಕಿ, ಕೋಟೆ ಕಾಯುವವನ ಹೆಂಡತಿ. ಆಕೆ ಒನಕೆ ಎತ್ತಿ ವೈರಿಯ ತಲೆ ಒಡೆದ ಒಂದು ಗಳಿಗೆಯನ್ನು ಪುಸ್ತಕಗಳು ಚಿತ್ರಸಹಿತ ಹಾಕುತ್ತವೆ. ಅದೇ ಒನಕೆಯಿಂದ ದಿನಾ ಕುಟ್ಟಿದ್ದನ್ನು ಯಾರೂ ಬರೆಯಲಿಲ್ಲ. ಕುಟ್ಟಿ ಕುಟ್ಟಿ ಗಟ್ಟಿಯಾದ ರಟ್ಟೆಯಿಂದಲೇ ಆ ಪೆಟ್ಟು ಬಂತು ಅನ್ನುವುದು ಕುಟ್ಟಿದವರಿಗೆ ಮಾತ್ರ ಹೊಳೆಯುವ ಮಾತು.

ಹನ್ನೆರಡನೆಯ ಶತಮಾನದ್ದು ಬೇರೆಯೇ ಕತೆ. ಅಲ್ಲಿ ದುಡಿಯುವ ಹೆಣ್ಣು ತಾನೇ ಬಾಯಿ ತೆರೆದಳು. ೧೯೯೩ರಲ್ಲಿ ವೀರಣ್ಣ ರಾಜೂರರು ಸಂಪಾದಿಸಿದ 'ಶಿವಶರಣೆಯರ ವಚನಸಂಪುಟ'ವನ್ನು ನಮ್ಮ ಪ್ರತಿಯೊಬ್ಬ ಗೆಳೆಯ, ಗೆಳತಿ ತೆರೆದು ನೋಡಬೇಕು. ಕದಿರ ರೆಮ್ಮವ್ವೆ ನೂಲು ತೆಗೆಯುವ ಕದಿರಿನಿಂದಲೇ ತನ್ನ ತತ್ವದ ಮಾತು ಹೇಳುತ್ತಾಳೆ. ಸೂಳೆ ಸಂಕವ್ವೆ ತನ್ನ ಕಸುಬಿನ ನಿಯತ್ತನ್ನೇ ಭಕ್ತಿಯ ನಿಯತ್ತಾಗಿ ನಿಲ್ಲಿಸುತ್ತಾಳೆ. ಕಾಳವ್ವೆ ಉಣ್ಣುವ ಮಾಂಸದ ಮ್ಯಾಲೆ ಕುಲ ಅಳೆಯುವವರನ್ನು ಅವರದೇ ತಕ್ಕಡಿಯಲ್ಲಿ ತೂಗಿ ಬಿಸಾಕುತ್ತಾಳೆ. ಆದರೆ ಈ ಕಾಳವ್ವೆಯ ಹೆಸರು ಹೇಗೆ ಉಳಿದು ಬಂದಿದೆ ನೋಡಿರಿ: 'ಉರಿಲಿಂಗಪೆದ್ದಿಗಳ ಪುಣ್ಯಸ್ತ್ರೀ ಕಾಳವ್ವೆ.' ಇಂಥ ಪುಣ್ಯಸ್ತ್ರೀಯರು ಸಂಪುಟದ ತುಂಬ ಇದ್ದಾರೆ. ಲಿಂಗ ಕಟ್ಟಿದ ಮ್ಯಾಲೆ ಗಂಡುಹೆಣ್ಣಿನ ಭೇದವಿಲ್ಲ ಅಂದ ಚಳವಳಿಯ ಹೆಣ್ಣುಮಕ್ಕಳನ್ನೂ ಪರಂಪರೆ ಗಂಡನ ಹೆಸರಿನ ಕೆಳಗೇ ಜೋಡಿಸಿಟ್ಟಿತು. ಶರಣೆಯರ ಬಗ್ಗೆ ಬಂದ ವಿಮರ್ಶೆಯ ಬಹುಭಾಗ ಅಕ್ಕಮಹಾದೇವಿಯೊಬ್ಬಳ ಸುತ್ತಲೇ ಸುತ್ತಿದೆ. ಅಕ್ಕ ದೊಡ್ಡವಳು, ಅನುಮಾನವಿಲ್ಲ. ಆದರೆ ಅಕ್ಕನ ಅಲೌಕಿಕವನ್ನು ಕೊಂಡಾಡುವುದು ಸುಲಭ. ಕಾಳವ್ವೆಯ ಪ್ರಶ್ನೆಗೆ ಇವತ್ತೂ ಊಟದ ಪಂಕ್ತಿಯಲ್ಲಿ ಕೂತು ಉತ್ತರ ಕೊಡಬೇಕಾಗುತ್ತದೆ, ಅದಕ್ಕೇ ಪಂಡಿತರು ಆ ಕಡೆ ತಲೆ ಹಾಕುವುದು ಕಡಿಮೆ.

ನಮ್ಮ ಸೀಮೆಯೇ ಕೊಟ್ಟ ಇನ್ನೊಂದು ದೊಡ್ಡ ಪುಸ್ತಕ 'ಗರತಿಯ ಹಾಡು.' ಹಲಸಂಗಿಯ ಗೆಳೆಯರು ೧೯೩೧ರಲ್ಲಿ ತಂದದ್ದು. ಬೀಸುವ ಕಲ್ಲಿನ ಮುಂದೆ ಹುಟ್ಟಿದ ಹೆಣ್ಣಿನ ದನಿಯನ್ನು ಅಚ್ಚಿಗೆ ತಂದ ಅವರ ಋಣ ಕನ್ನಡದ ಮ್ಯಾಲಿದೆ. ಆದರೆ ಆ ಹೆಸರನ್ನು ಪ್ರಶ್ನೆ ಮಾಡದೆ ಬಿಡಲಾಗದು. ಗರತಿ ಅಂದರೆ ಒಬ್ಬನ ಹೆಂಡತಿಯಾಗಿ, ಮನೆತನದ ಮಾನ ಹೊತ್ತಾಕಿ. ಹಂಗಾದ್ರ ಜೋಗತಿ ಹಾಡಿದ್ದು ಯಾವ ಹಾಡು? ಉಡಿಕೆಯಾದಾಕಿ, ಗಂಡ ಬಿಟ್ಟಾಕಿ, ಗೌಡರ ಹೊಲದಾಗ ಕೂಲಿಗೆ ಹೋದಾಕಿ ಬೀಸುವಾಗ ಸುಮ್ಮನಿದ್ದಳೇನು? ಬೀಸುವ ಕಲ್ಲು ಗರತಿಯ ಕೈಯಲ್ಲಷ್ಟೇ ತಿರುಗಲಿಲ್ಲ. ಹಾಡಿಗೆ ಗರತಿಯ ಸೀರೆ ಉಡಿಸಿ ಪಡಸಾಲೆಗೆ ಕರೆತಂದ ಮ್ಯಾಲೆ, ಹಿತ್ತಲಲ್ಲಿ ನಿಂತ ಹಾಡುಗಳು ಹಿತ್ತಲಲ್ಲೇ ನಿಂತವು.

ಸೀರೆಯ ಮಾತು ಬಂತು. ಇಳಕಲ್ ಸೀರೆ ಅಂತ ಲೋಕವೆಲ್ಲ ಕೊಂಡಾಡುವ ಸೀರೆ ಈ ಸೀಮೆಯ ಮಗ್ಗಗಳಿಂದ ಬರುತ್ತದೆ. ಮೈಯ ಹಾಸನ್ನೂ ರೇಷ್ಮೆ ಸೆರಗಿನ ಹಾಸನ್ನೂ ಎಳೆ ಎಳೆಯಾಗಿ ಸಿಕ್ಕಿಸಿ ಜೋಡಿಸುವ ಕೊಂಡಿಯೇ ಆ ಸೀರೆಯ ಗುರುತು. ನೂಲು ಸುತ್ತುವುದು, ಕಂಡಿಕೆ ತುಂಬುವುದು, ಹಾಸು ಹೂಡಲು ಕೈಕೊಡುವುದು, ಅಡಿಗೆ ಮಾಡುವುದು, ಕೂಸು ತೂಗುವುದು, ಎಲ್ಲ ಒಂದೇ ಕೈ. ಆದರೆ ನೇಕಾರ ಅನ್ನುವ ಪದಕ್ಕೆ ಹೆಣ್ಣುರೂಪ ನಮ್ಮ ಬಾಯಿಗೇ ಬರುವುದಿಲ್ಲ. ೨೦೧೯-೨೦ರ ಅಖಿಲ ಭಾರತ ಕೈಮಗ್ಗ ಗಣತಿ ಎಣಿಸಿದ ೩೫ ಲಕ್ಷ ೨೨ ಸಾವಿರ ಕೆಲಸಗಾರರಲ್ಲಿ ನೂರಕ್ಕೆ ೭೨ ಮಂದಿ ಹೆಣ್ಣುಮಕ್ಕಳು. ಅಂಕಿ ಬಂತು, ಚರಿತ್ರೆ ಬರಲಿಲ್ಲ. ರೆಮ್ಮವ್ವೆಯ ಕದಿರಿನಿಂದ ಈ ಕಂಡಿಕೆಯವರೆಗೆ ಎಂಟುನೂರು ವರ್ಷದ ನೂಲು ಹರಿಯದೆ ಬಂದಿದೆ. ಅದನ್ನು ಹಿಡಿದು ನಡೆದ ಪುಸ್ತಕ ನಮ್ಮ ಕೈಗೆ ಸಿಕ್ಕಿಲ್ಲ.

ಹೇಗೆ ಬರೆಯಬೇಕು ಅಂತ ಕೇಳುವವರಿಗೆ ಒಂದು ಮಾದರಿ ಗಡಿಯಾಚೆ ಮರಾಠಿಯಲ್ಲಿದೆ. ೧೯೮೯ರಲ್ಲಿ ಊರ್ಮಿಳಾ ಪವಾರ್, ಮೀನಾಕ್ಷಿ ಮೂನ್ ಸೇರಿ 'ಆಮ್ಹೀಹೀ ಇತಿಹಾಸ ಘಡವಲಾ' ಬರೆದರು. ಚರಿತ್ರೆಯನ್ನು ನಾವೂ ಕಟ್ಟಿದೆವು ಅಂತ ಅದರ ಅರ್ಥ. ಅಂಬೇಡ್ಕರ್ ಚಳವಳಿಯಲ್ಲಿ ದುಡಿದು ಯಾವ ಪುಟದಲ್ಲೂ ಬಾರದೆ ಹೋದ ಹೆಣ್ಣುಮಕ್ಕಳನ್ನು ಹುಡುಕಿಕೊಂಡು ಹೋಗಿ, ಎದುರು ಕೂತು, ಅವರ ಮಾತು ಬರೆದುಕೊಂಡ ಪುಸ್ತಕ. ಅವರಿಗೆ ಶಾಸನ ಬೇಕಾಗಲಿಲ್ಲ, ನೆನಪು ಸಾಕಾಯಿತು. ಅಲ್ಲಿ ಹೆಣ್ಣು ಬರೀ ಕಣ್ಣೀರಿನ ಅವ್ವ ಅಲ್ಲ. ಸಭೆ ಕೂಡಿಸಿದಾಕಿ, ಭಾಷಣ ಮಾಡಿದಾಕಿ, ಜಗಳಾಡಿದಾಕಿ. ದಲಿತ ಬಂಡಾಯದ ಕವಿತೆಗಳಲ್ಲಿ ಅವ್ವನಿಗೆ ಗುಡಿ ಕಟ್ಟುವ ಗಂಡುಗೆಳೆಯರು ಇದನ್ನು ಓದಬೇಕು. ಗುಡಿಯೊಳಗಿನ ಅವ್ವನಿಗೂ ಮಾತಾಡಲು ಬಿಡುವುದಿಲ್ಲ.

ಹಾಗಾದರೆ ರಾಣಿಯರ ಪುಸ್ತಕ ಸುಟ್ಟುಬಿಡಬೇಕೇ? ಇಲ್ಲ. ಲೋಕಮಹಾದೇವಿಯ ಗುಡಿ ಇರಲಿ, ಅಕ್ಕಾದೇವಿಯ ಮುತ್ತಿಗೆಯೂ ಇರಲಿ. ಆದರೆ ಹೆಣ್ಣಿನ ಅಧಿಕಾರದ ಬಗ್ಗೆ ಬರೆಯುವವರು ಇನ್ನು ಮುಂದೆ ಎರಡು ಪ್ರಶ್ನೆಗೆ ಉತ್ತರ ಕೊಡಲೇಬೇಕು: ಆ ಅಧಿಕಾರ ಯಾರ ಮ್ಯಾಲ ನಡೀತು? ಯಾರ ದುಡಿಮೆ ಉಂಡು ಬೆಳೀತು? ಕಮತಗಿ, ಅಮೀನಗಡ, ಇಳಕಲ್, ಗುಳೇದಗುಡ್ಡದ ಓಣಿಗಳಲ್ಲಿ ಕಂಡಿಕೆ ಸುತ್ತುವ ಮುದುಕಿಯರು ಇನ್ನೂ ಇದ್ದಾರೆ. ಅವರ ತಲೆಯಲ್ಲಿ ಕೂಲಿಯ ಲೆಕ್ಕವಿದೆ, ಸಾಲದ ಲೆಕ್ಕವಿದೆ, ಸತ್ತ ಕೂಸುಗಳ ಲೆಕ್ಕವಿದೆ, ಯಾರೂ ಅಚ್ಚು ಹಾಕದ ಹಾಡುಗಳಿವೆ. ಕಲ್ಲು ಇನ್ನೂ ಸಾವಿರ ವರ್ಷ ಕಾಯುತ್ತದೆ. ಇವರು ಕಾಯುವುದಿಲ್ಲ. ಓದು ಕಲಿತ ಕೇರಿಯ ಮಕ್ಕಳು ಒಂದು ನೋಟುಬುಕ್ಕು ಹಿಡಿದು ಅವರ ಮುಂದೆ ಹೋಗಿ ಕೂಡಬೇಕು. ಮೊದಲ ಪುಟದಲ್ಲಿ ಬರೆಯಬೇಕಾದ್ದು ಆಕೆಯ ಸ್ವಂತ ಹೆಸರು, ಇಂಥವರ ಹೆಂಡತಿ ಅಂತ ಅಲ್ಲ.