ವೈಶಾಖದ ಬಿಸಿಲಿನಲ್ಲಿ ಒಂದು ಶ್ವಾನಶಾಲೆ

ಫಾಲ್ಗುಣ ಕಳೆದು ಚೈತ್ರವು ಕಾಲಿಟ್ಟಿತೆಂದರೆ ದಾವಣಗೆರೆಯ ಕಾಂಕ್ರೀಟು ರಸ್ತೆಗಳು ಹಗಲೆಲ್ಲ ಹೀರಿದ ಕಾವನ್ನು ಸಂಜೆ ಏಳು ಗಂಟೆಯಾದರೂ ಬಿಟ್ಟುಕೊಡುವುದಿಲ್ಲ. ಆ ಹೊತ್ತಿಗೆ ಕುಂದುವಾಡ ಕೆರೆಯ ಏರಿಯ ಮೇಲೆ ವಾಯುಸೇವನೆಗೆ ಬರುವವರ ನಡುವೆ, ಸೈಬೀರಿಯಾದ ಹಸ್ಕಿ ಜಾತಿಯ ನಾಯಿಯೊಂದನ್ನು ಹಗ್ಗ ಹಿಡಿದು ನಡೆಸಿಕೊಂಡು ಬರುವ ತರುಣರೂ ಈಚೆಗೆ ಕಾಣಿಸುತ್ತಾರೆ. ತಿಳಿನೀಲ ನೇತ್ರ, ತೋಳವನ್ನು ಹೋಲುವ ಮುಖ, ಬೆನ್ನಿನ ಮೇಲೆ ಬಾಗಿ ಬಂದ ಪೊದೆಬಾಲ. ನೋಡಿದವರು ನಿಂತು ಮತ್ತೊಮ್ಮೆ ನೋಡುವ ರೂಪವೇ ಸರಿ. ಆದರೆ ಆ ರೂಪಕ್ಕೆ ಕಾರಣವಾದ ಎರಡು ಪದರದ ರೋಮವು ಶೂನ್ಯಕ್ಕಿಂತ ಎಷ್ಟೋ ಕೆಳಗಿನ ಶೈತ್ಯದಲ್ಲಿ ದೇಹದ ಶಾಖವನ್ನು ಹೊರಬಿಡದೆ ಕಾಪಾಡಲೆಂದು ಪ್ರಕೃತಿಯು ನೇಯ್ದುಕೊಟ್ಟ ಕಂಬಳಿ. ನಾಯಿಗೆ ನಮ್ಮಂತೆ ಮೈಯೆಲ್ಲ ಬೆವರುವ ಭಾಗ್ಯವಿಲ್ಲ. ಏದುಸಿರೊಂದೇ ಅದಕ್ಕೆ ಗತಿ. ಒಡೆಯರಲ್ಲಿ ವಾತ್ಸಲ್ಯದ ಕೊರತೆ ಇರಲಾರದು, ಮನೆಯಲ್ಲಿ ಕೂಲರೂ ಇರಬಹುದು. ಆದರೂ ನಾಲಗೆಯನ್ನು ಪೂರ್ತಿ ಹೊರಚಾಚಿ ಪಕ್ಕೆ ಬಡಿದುಕೊಳ್ಳುತ್ತ ಸಾಗುವ ಆ ಪ್ರಾಣಿಯನ್ನು ಕಂಡಾಗಲೆಲ್ಲ ನನಗೆ ವ್ಯಥೆಯಾಗುತ್ತದೆ.

ಯಾವ ನಾಯಿಯನ್ನಾಗಲಿ ಅದು ದುಡಿದು ಬೆಳೆದ ನೆಲದಲ್ಲಿ, ಅದರ ಉದ್ಯೋಗದ ಸನ್ನಿಧಿಯಲ್ಲಿ ಕಾಣದ ಹೊರತು ಅದರ ಯೋಗ್ಯತೆಯನ್ನು ನಿರ್ಣಯಿಸಲಾಗದೆಂಬುದು ನನ್ನ ದೃಢವಾದ ಮತ. ಹಿಮಬಂಡಿ ಎಳೆಯುವ ನಾಯಿಗಳನ್ನು ನೋಡಬೇಕೆಂಬವರು ಅಲಾಸ್ಕದ ಡೆನಾಲಿ ರಾಷ್ಟ್ರೀಯ ಉದ್ಯಾನಕ್ಕೆ ಹೋಗಬೇಕು. ಆ ಉದ್ಯಾನದ ಪ್ರಥಮ ಅಧೀಕ್ಷಕನಾದ ಹ್ಯಾರಿ ಕಾರ್ಸ್ಟೆನ್ಸನು ಕಳ್ಳಬೇಟೆಯನ್ನು ತಡೆಯುವ ಗಸ್ತಿಗೆಂದು 1922ರ ಸುಮಾರಿನಲ್ಲಿ ಕಟ್ಟಿದ ಶ್ವಾನಶಾಲೆಯು ಇಂದಿಗೂ ನಡೆಯುತ್ತಿದೆ. ಯಂತ್ರವಾಹನಗಳಿಗೆ ಪ್ರವೇಶವಿಲ್ಲದ ಅರಣ್ಯಭಾಗದಲ್ಲಿ ಚಳಿಗಾಲದ ಗಸ್ತು ಇಂದಿಗೂ ನಾಯಿಗಳದೇ. ಪ್ರವಾಸಿಗಳು ಬರುವುದು ಬೇಸಿಗೆಯಲ್ಲಿ. ಆಗ ನೆಲದ ಮೇಲೆ ಹಿಮವಿರುವುದಿಲ್ಲವಾದ್ದರಿಂದ ಗಾಲಿ ಕಟ್ಟಿದ ಬಂಡಿಯನ್ನು ಎಳೆಸಿ ತೋರಿಸುತ್ತಾರೆ. ಸಲಕರಣೆಯನ್ನು ಕೈಗೆತ್ತಿಕೊಂಡರೆ ಸಾಕು, ಇಡೀ ಶಾಲೆಯ ನಾಯಿಗಳೆಲ್ಲ ನೆಗೆದಾಡಿ ಊಳಿಡತೊಡಗುತ್ತವೆಂದೂ, ಆಯ್ಕೆಯಾಗದೆ ಉಳಿದವುಗಳ ಆಕ್ರಂದನವನ್ನು ಕೇಳುವುದು ಕಷ್ಟವೆಂದೂ ಹೋಗಿಬಂದವರೆಲ್ಲ ಹೇಳುತ್ತಾರೆ. ಕೆಲಸಕ್ಕಾಗಿ ಇಷ್ಟು ಹಂಬಲಿಸುವ ಪ್ರಾಣಿಗೆ ಕೆಲಸವನ್ನು ನಿರಾಕರಿಸುವುದು ಅನ್ನವನ್ನು ನಿರಾಕರಿಸಿದಷ್ಟೇ ಕ್ರೌರ್ಯವಲ್ಲವೆ?

ಈ ನಾಯಿಗಳ ಕೀರ್ತಿಗೆ ಕಳಶವಿಟ್ಟದ್ದು 1925ರ ಚಳಿಗಾಲ. ನೋಮ್ ಎಂಬ ಕಡಲತೀರದ ಊರಿನಲ್ಲಿ ಮಕ್ಕಳಿಗೆ ಡಿಫ್ತೀರಿಯ ತಗಲಿದಾಗ, ರೈಲು ತಲಪುತ್ತಿದ್ದ ನೆನಾನದಿಂದ 674 ಮೈಲಿಗಳ ಹಿಮಮಾರ್ಗವನ್ನು ಇಪ್ಪತ್ತು ಮಂದಿ ಸಾರಥಿಗಳು ಸರದಿಯ ಮೇಲೆ ಐದೂವರೆ ದಿನಗಳಲ್ಲಿ ಕ್ರಮಿಸಿ ಔಷಧವನ್ನು ತಲಪಿಸಿದರು. ಕೊನೆಯ ಹಂತದಲ್ಲಿ ಮುಂಚೂಣಿಯಲ್ಲಿದ್ದ ಬಾಲ್ಟೋ ನ್ಯೂಯಾರ್ಕಿನ ಉದ್ಯಾನದಲ್ಲಿ ಪ್ರತಿಮೆಯಾಗಿ ನಿಂತಿತು. ಎಲ್ಲರಿಗಿಂತ ದೀರ್ಘವೂ ಭಯಂಕರವೂ ಆದ ಹಾದಿಯನ್ನು ಲೆನ್ಹಾರ್ಡ್ ಸೆಪಾಲನೊಂದಿಗೆ ದಾಟಿದ ಟೋಗೋಗೆ ಅಂಥ ಮನ್ನಣೆ ದೊರೆತದ್ದು ಬಹಳ ತಡವಾಗಿ. ಮುಂದೆ 1960ರ ದಶಕದಲ್ಲಿ ಹಿಮದ ಮೇಲೆ ಓಡುವ ಮೋಟಾರು ಬಂಡಿಗಳು ಬಂದು, ಹಳ್ಳಿಯ ಮನೆಗಳ ಹಿತ್ತಲಿನಿಂದ ನಾಯಿಗಳು ಮಾಯವಾಗತೊಡಗಿದಾಗ, ಜೋ ರೆಡಿಂಗ್ಟನ್ ಮೊದಲಾದವರು 1973ರಲ್ಲಿ ಆಂಕರೇಜಿನಿಂದ ನೋಮ್‌ವರೆಗಿನ ಇಡಿಟರಾಡ್ ಓಟವನ್ನು ಆರಂಭಿಸಿದರು. ಹಳೆಯ ಉದ್ಯೋಗವು ಹೋದ ತಳಿಗೆ ಹೊಸ ಉದ್ಯೋಗವೊಂದನ್ನು ಕಲ್ಪಿಸಿಕೊಟ್ಟ ಈ ದೂರದೃಷ್ಟಿಯನ್ನು ನಾನು ತುಂಬ ಗೌರವಿಸುತ್ತೇನೆ.

ನಮ್ಮ ನಾಡಿನಲ್ಲಿ ಇಂಥ ದೃಷ್ಟಿಯಿಂದ ನಡೆಯುತ್ತಿರುವ ಶ್ವಾನಶಾಲೆಯೊಂದಿದೆ. ಬಾಗಲಕೋಟೆ ಜಿಲ್ಲೆಯ ಮುಧೋಳ ತಾಲ್ಲೂಕಿನ ತಿಮ್ಮಾಪುರದಲ್ಲಿ, ಬೀದರಿನ ಪಶುವೈದ್ಯ, ಪಶು ಮತ್ತು ಮೀನುಗಾರಿಕಾ ವಿಜ್ಞಾನಗಳ ವಿಶ್ವವಿದ್ಯಾಲಯದ ಆಶ್ರಯದಲ್ಲಿರುವ ಶ್ವಾನ ಸಂಶೋಧನೆ ಮತ್ತು ಮಾಹಿತಿ ಕೇಂದ್ರವೇ ಅದು. ಅದನ್ನು ನೋಡಲು ನಾನು ಆರಿಸಿಕೊಂಡದ್ದು ವೈಶಾಖಮಾಸವನ್ನು. ಹಿತವಾದ ಕಾರ್ತಿಕದಲ್ಲಿ ಹೋಗಬಾರದಿತ್ತೆ ಎಂದು ಸ್ನೇಹಿತರು ಆಕ್ಷೇಪಿಸಿದರು. ಆದರೆ ಹಿಮದ ನಾಯಿಯನ್ನು ಹಿಮವು ಪರೀಕ್ಷಿಸುವಂತೆ ಬಯಲುಸೀಮೆಯ ಮುಧೋಳ ನಾಯಿಯನ್ನು ಪರೀಕ್ಷಿಸತಕ್ಕದ್ದು ಬಿಸಿಲೇ.

ಹರಿಹರದಲ್ಲಿ, ಹೊಯ್ಸಳರ ಕಾಲದ ಹರಿಹರೇಶ್ವರನಿಗೆ ಕೈಮುಗಿದು, ಕಲ್ಲುಬಂಡೆಗಳ ನಡುವೆ ಕೃಶಾಂಗಿಯಾಗಿ ಹರಿಯುತ್ತಿದ್ದ ತುಂಗಭದ್ರೆಯ ಸೇತುವೆಯನ್ನು ದಾಟಿದೆವೆಂದರೆ ರಾಣೇಬೆನ್ನೂರು ಸೀಮೆ. ಈ ಸೀಮೆಯ ದೇವರಗುಡ್ಡದ ಮಾಲತೇಶನ ಗೊರವಯ್ಯಗಳು ತಮ್ಮನ್ನು ದೇವರ ನಾಯಿಗಳೆಂದೇ ಭಾವಿಸಿ, ಕರಡಿಕೂದಲ ಕುಲಾವಿ ಧರಿಸಿ, ದೋಣಿ ಎಂಬ ಪಾತ್ರೆಯಲ್ಲಿ ನೀಡಿದ ಎಡೆಯನ್ನು ಬೊಗಳುತ್ತ ಬಾಯಿಹಾಕಿ ಸ್ವೀಕರಿಸುವ ಸೇವೆಯನ್ನು ನಮ್ಮ ಭಾಗದವರು ಬಾಲ್ಯದಿಂದ ಕಂಡವರೇ. ನಾಯಿಯನ್ನು ಹೀನಾಯದ ಬೈಗುಳಕ್ಕೆ ಮಾತ್ರ ಬಳಸುವ ನಾಗರಿಕರು ಈ ಭಕ್ತಿಯನ್ನು ಒಮ್ಮೆ ನೋಡಿ ಬರಬೇಕು.

ಹುಬ್ಬಳ್ಳಿಯನ್ನು ಹಿಂದಿಟ್ಟು ನರಗುಂದ, ರಾಮದುರ್ಗ, ಲೋಕಾಪುರಗಳ ಮಾರ್ಗವಾಗಿ ಸಾಗಿದಂತೆ ಎರೆಭೂಮಿಯು ಬಿರುಕುಬಿಟ್ಟು ಬಾಯ್ದೆರೆದಿತ್ತು. ಮುಧೋಳ ಸಮೀಪಿಸಿದಾಗ ಘಟಪ್ರಭೆಯ ನೀರುಂಡ ಕಬ್ಬಿನ ಹಸುರು ಕಣ್ಣಿಗೆ ತಂಪೆರೆಯಿತು. ಇದು ಕವಿಚಕ್ರವರ್ತಿ ರನ್ನನ ಜನ್ಮಭೂಮಿ. ಆತನು ಹುಟ್ಟಿದ ಕ್ರಿ.ಶ. 949ರ ಸೌಮ್ಯ ಸಂವತ್ಸರವೇ ಮಂಡ್ಯ ಜಿಲ್ಲೆಯ ಆತಕೂರಿನ ಶಾಸನದ ಕಾಲವೂ ಆಗಿರುವುದು ಶ್ವಾನಪ್ರಿಯರು ಸ್ಮರಿಸಬೇಕಾದ ಸಂಗತಿ. ತಕ್ಕೋಲದ ಯುದ್ಧದಲ್ಲಿ ಪರಾಕ್ರಮ ತೋರಿದ ಮಣಲೇರನೆಂಬ ವೀರನು, ಮೆಚ್ಚಿದ ಒಡೆಯನು ಬೇಡಿದ್ದನ್ನು ಕೊಡುವೆನೆಂದಾಗ, ಹೊನ್ನನ್ನು ಕೇಳದೆ ಕಾಳಿ ಎಂಬ ಬೇಟೆನಾಯಿಯನ್ನು ಕೇಳಿ ಪಡೆದನು. ಆ ಕಾಳಿಯು ಹಂದಿಯೊಂದರೊಡನೆ ಹೋರಾಡಿ, ಅದನ್ನು ಕೊಂದು ತಾನೂ ಮಡಿದಾಗ, ಅದರ ಸ್ಮರಣೆಗೆ ಶಿಲೆಯನ್ನು ನೆಡಿಸಿ ಪೂಜೆಗೆ ಭೂಮಿಯನ್ನೂ ಬಿಟ್ಟರು. ಕಾಳಿಯು ಯಾವ ತಳಿಯದೆಂಬುದು ಮುಖ್ಯವಲ್ಲ. ನಾಯಿಯ ಶೌರ್ಯವನ್ನು ಕಲ್ಲಿನಲ್ಲಿ ಕೊರೆಸುವ ಸಂಸ್ಕಾರವು ಈ ನಾಡಿನಲ್ಲಿ ಸಾವಿರ ವರ್ಷಗಳಿಗೂ ಹಿಂದಿನದೆಂಬುದು ಮುಖ್ಯ.

ಮುಧೋಳದ ನಾಯಿಯ ಪೂರ್ವಜರು ಪರ್ಷಿಯಾ, ಮಧ್ಯ ಏಷ್ಯಾಗಳ ಕಡೆಯಿಂದ ಸೈನಿಕರೊಡನೆಯೂ ವರ್ತಕರ ಸಾರ್ಥಗಳೊಡನೆಯೂ ಬಂದವೆಂಬುದು ತಜ್ಞರ ಸಾಮಾನ್ಯ ಅಭಿಪ್ರಾಯ. ಮಹಾರಾಷ್ಟ್ರದ ಕಡೆ ಇದನ್ನು ಕಾರವಾನಿ ಎಂದೇ ಕರೆಯುತ್ತಾರೆ. ಇಲ್ಲಿಯ ಬೇಡರು ಬೇಟೆಗಾಗಿ ಸಾಕಿ ಉಳಿಸಿಕೊಂಡಿದ್ದ ಈ ತಳಿಯ ಮೇಲೆ ಮುಧೋಳ ಸಂಸ್ಥಾನದ ಮಾಲೋಜಿರಾವ್ ಘೋರ್ಪಡೆಯವರ ದೃಷ್ಟಿ ಬಿದ್ದು, ಅವರು ಇದನ್ನು ಆಸ್ಥೆಯಿಂದ ಬೆಳೆಸಿ, ಐದನೆಯ ಜಾರ್ಜ್ ದೊರೆಗೂ ಒಂದು ಜೋಡಿಯನ್ನು ಕಾಣಿಕೆಯಾಗಿತ್ತ ಮೇಲೆ ಇದರ ಹೆಸರು ಹೊರನಾಡುಗಳಲ್ಲಿಯೂ ಹಬ್ಬಿತು.

ಶಾಲೆಯ ಆವರಣದಲ್ಲಿ ಜಾಲರಿಯ ಹಿಂದೆ ನಿಂತಿದ್ದ ಆ ನಾಯಿಗಳು ನಮ್ಮನ್ನು ಕಂಡು ಬಾಲವಾಡಿಸಲಿಲ್ಲ, ಅರಚಿ ರಂಪವನ್ನೂ ಮಾಡಲಿಲ್ಲ. ಕತ್ತನ್ನು ನಿಡಿದಾಗಿ ಎತ್ತಿ ದೂರದಿಂದಲೇ ಅಳೆದು ನೋಡಿದವು. ಜಾಲರಿಯತ್ತ ಕೈಚಾಚಿದ ನನ್ನನ್ನು ಕಂಡು ಆಳೊಬ್ಬರು, “ಮುಟ್ಟಬ್ಯಾಡ್ರೀ ಸರ, ಮೊದಲ ಅದು ನಿಮ್ಮನ್ನ ನೋಡಿ ತಿಳ್ಕೊಳ್ಳಲಿ,” ಎಂದರು. ಅಪರಿಚಿತರ ಸ್ಪರ್ಶವನ್ನು ಸಹಿಸದಿರುವುದು ಈ ತಳಿಯ ಹುಟ್ಟುಗುಣ. ಅದನ್ನು ದೋಷವೆಂದೆಣಿಸುವವರು ಬೇರೆ ನಾಯಿಯನ್ನು ಹುಡುಕಿಕೊಳ್ಳಬಹುದು. ನನಗಂತೂ ಆ ಗಾಂಭೀರ್ಯದಲ್ಲಿ ಒಂದು ಕುಲೀನತೆ ಕಂಡಿತು.

ಗಂಡುನಾಯಿಯು ಹೆಗಲಿನ ಬಳಿ ಹೆಚ್ಚುಕಡಿಮೆ 28 ಅಂಗುಲ ಎತ್ತರ. ನೀಳವಾದ ಕಿರಿದಾದ ತಲೆ, ಕೆನ್ನೆಗೊತ್ತಿ ಜೋತ ಕಿವಿ, ಒತ್ತೊತ್ತಾದ ಮೋಟುಗೂದಲು. ಎದೆಗೂಡು ಮೊಣಕೈಯ ಮಟ್ಟಕ್ಕೆ ಇಳಿದಿರುವುದು ದೊಡ್ಡ ಹೃದಯಕ್ಕೂ ಶ್ವಾಸಕೋಶಗಳಿಗೂ ಎಡೆಗೊಡಲು. ಹೊಟ್ಟೆಯು ಬೆನ್ನಿಗೆ ಹತ್ತಿದಂತೆ ಒಳಸೇರಿರುವುದು ಓಟದಲ್ಲಿ ಹಿಂಗಾಲುಗಳು ಮುಂಗಾಲುಗಳನ್ನೂ ದಾಟಿ ಮುಂದೆ ಬೀಳಲು. ಬೆಳಗಿನ ಜಾವ ಅವುಗಳನ್ನು ಬಯಲಿಗೆ ಬಿಟ್ಟಾಗ ಈ ಅಂಗರಚನೆಯ ಅರ್ಥವೆಲ್ಲ ಒಮ್ಮೆಲೇ ಸ್ಫುಟವಾಯಿತು. ಬೆನ್ನು ಬಿಲ್ಲಿನಂತೆ ಬಾಗಿ ಮರುಕ್ಷಣ ನೀಳವಾಗಿ ಚಾಚಿಕೊಳ್ಳುತ್ತಿತ್ತು. ಒಂದೊಂದು ನೆಗೆತದಲ್ಲಿಯೂ ಎರಡೆರಡು ಸಲ ನಾಲ್ಕು ಪಾದಗಳೂ ನೆಲದಿಂದ ಬೇರ್ಪಡುತ್ತಿದ್ದವು. ತಿರುವಿನಲ್ಲಿ ನೀಳಬಾಲವು ದೇಹದ ತೂಕವನ್ನು ಹಿಡಿದು ನಿಲ್ಲಿಸುತ್ತಿತ್ತು. ಹಿಮದ ನಾಯಿಯು ದಿನವಿಡೀ ಒಂದೇ ಗತಿಯಲ್ಲಿ ಭಾರವೆಳೆಯಬಲ್ಲದು, ವಾಸನೆಯಿಂದಲೂ ಕಿವಿಯಿಂದಲೂ ಹಾದಿಯನ್ನರಿಯಬಲ್ಲದು. ಇದಾದರೋ ಕಣ್ಣಿನ ನಾಯಿ, ಬಯಲಿನಲ್ಲಿ ಬಹುದೂರದ ಚಲನೆಯನ್ನು ಕ್ಷಣಾರ್ಧದಲ್ಲಿ ಹಿಡಿದು, ಇದ್ದ ಶಕ್ತಿಯನ್ನೆಲ್ಲ ಅಲ್ಪಕಾಲದಲ್ಲಿ ಸುರಿಯುವಂಥದು. ಎರಡರಲ್ಲಿ ಯಾವುದು ಮೇಲೆಂಬ ವಾದಕ್ಕೆ ನಾನು ಬರುವುದಿಲ್ಲ.

ಬಿಸಿಲೇರಿದ ಮೇಲೆ ಸಮೀಪದ ರೈತರೊಬ್ಬರ ಮನೆಗೆ ಹೋದೆವು. ಬೇವಿನ ನೆರಳಿನಲ್ಲಿ ಮಲಗಿದ್ದ ತಾಯಿನಾಯಿಯ ಪಕ್ಕೆಲುಬುಗಳು ಎಣಿಸುವಂತಿದ್ದುವು. ನಾನು ನೋಡಿದ ರೀತಿಯಲ್ಲಿಯೇ ಸಂದೇಹವನ್ನು ಗ್ರಹಿಸಿದ ಮನೆಯ ಹಿರಿಯಮ್ಮ, “ಉಪಾಸ ಕೆಡವಿಲ್ಲೋ ಯಪ್ಪಾ, ಇದರ ಮೈನ ಹಂಗ,” ಎಂದು, ಗೋವಿನಜೋಳದ ನುಚ್ಚಿಗೆ ಹಾಲು ಬೆರೆಸಿಟ್ಟಿದ್ದ ಪಾತ್ರೆಯನ್ನು ತೋರಿಸಿದರು. ಹೊರಗೆ ಕಾಲಿಡಲಾಗದ ಆ ಮಧ್ಯಾಹ್ನದಲ್ಲಿಯೂ ನಾಯಿಯು ಬಾಯಿಮುಚ್ಚಿ ಶಾಂತವಾಗಿ ಉಸಿರಾಡುತ್ತಿತ್ತು. ಕುಂದುವಾಡದ ಏರಿಯ ಮೇಲಿನ ಏದುಸಿರು ಅಲ್ಲಿರಲಿಲ್ಲ.

ಹಾಗಿದ್ದರೂ ಈ ತಳಿಯ ಸ್ಥಿತಿ ನಿಶ್ಚಿಂತವಾದುದಲ್ಲ. 1972ರ ವನ್ಯಜೀವಿ ಸಂರಕ್ಷಣಾ ಕಾಯಿದೆಯು ಬೇಟೆಯನ್ನು ನಿಷೇಧಿಸಿತು. ಅದು ನ್ಯಾಯವೂ ಅವಶ್ಯವೂ ಆದ ಶಾಸನ. ಆದರೆ ಮೊಲದ ಬೆನ್ನಟ್ಟುವುದಕ್ಕಾಗಿಯೇ ಶತಮಾನಗಳಿಂದ ರೂಪುಗೊಂಡ ನಾಯಿಗೆ ಅದರಿಂದ ಧರ್ಮಸಮ್ಮತವಾದ ಉದ್ಯೋಗವಿಲ್ಲದಂತಾಯಿತು. ಹೊಲ ಕಾಯುವುದು, ಕುರಿಹಟ್ಟಿ ಕಾಯುವುದು ಮಾತ್ರ ಉಳಿಯಿತು. ಈ ಸಂದರ್ಭದಲ್ಲಿ ತಿಮ್ಮಾಪುರದ ಕೇಂದ್ರವು ಶುದ್ಧತಳಿಯನ್ನು ಕಾಪಾಡಿ, ಮರಿಗಳನ್ನು ರೈತರಿಗೆ ಒದಗಿಸಿ, 2016ರಲ್ಲಿ ಮೀರತ್ತಿನ ಸೈನ್ಯಶಾಲೆಗೆ ತರಬೇತಿಗಾಗಿ ಕಳುಹಿಸಿದ್ದು ಮಹತ್ತರವಾದ ಕಾರ್ಯ. ಮುಂದೆ ವಾಯುಪಡೆಯವರೂ ಓಡುದಾರಿಯ ಮೇಲಿಂದ ಹಕ್ಕಿಗಳನ್ನೂ ಪ್ರಾಣಿಗಳನ್ನೂ ಅಟ್ಟಲು ಈ ನಾಯಿಗಳನ್ನು ಕೊಂಡೊಯ್ದರು. ಕೊಲ್ಲದೆ ಓಡುವ ಕೆಲಸ! ಇದಕ್ಕಿಂತ ಉಚಿತವಾದ ಉದ್ಯೋಗವನ್ನು ನಾನು ಊಹಿಸಲಾರೆ. 2005ರಲ್ಲಿ ಅಂಚೆ ಇಲಾಖೆಯು ಇದರ ಚಿತ್ರವಿರುವ ಚೀಟಿಯನ್ನು ಹೊರಡಿಸಿದ್ದೂ, 2020ರಲ್ಲಿ ಪ್ರಧಾನಿಯವರು ಬಾನುಲಿಯಲ್ಲಿ ಇದನ್ನು ಹೊಗಳಿದ್ದೂ ಸಂತೋಷದ ವಿಷಯಗಳೇ. ಆದರೆ ತಳಿಯೊಂದನ್ನು ಬದುಕಿಸುವುದು ದಿನನಿತ್ಯದ ದುಡಿಮೆಯೇ ಹೊರತು ಪ್ರಶಂಸೆಯಲ್ಲ. ಪ್ರಶಂಸೆಯ ಬೆನ್ನಿಗೆ ಪೇಟೆಯ ಬೇಡಿಕೆ ಬರುತ್ತದೆ, ಬೇಡಿಕೆಯ ಬೆನ್ನಿಗೆ ಬೆರಕೆಯ ಮರಿಗಳಿಗೆ ಮುಧೋಳದ ಹೆಸರಿಟ್ಟು ಮಾರುವವರು ಬರುತ್ತಾರೆ. ಕೊನೆಗೆ ಬಯಲಿನ ಓಟಗಾರನು ಮೂರನೆಯ ಅಂತಸ್ತಿನ ಬಾಲ್ಕನಿಯಲ್ಲಿ ಕಟ್ಟುಬೀಳುತ್ತಾನೆ. ಅಂಥ ಮುಧೋಳ ನಾಯಿಯ ದುಃಖವು ನಮ್ಮೂರಿನ ಹಸ್ಕಿಯ ದುಃಖಕ್ಕಿಂತ ಕಡಿಮೆಯದೇನೂ ಅಲ್ಲ.

ಹೋಗಬಯಸುವವರಿಗೆ ಒಂದೆರಡು ಮಾತು. ಮುಂಚಿತವಾಗಿ ಕೇಂದ್ರದವರ ಅನುಮತಿ ಪಡೆಯಿರಿ. ಹಿಂದಿನ ರಾತ್ರಿಯೇ ಮುಧೋಳದಲ್ಲಿ ತಂಗಿ, ಸೂರ್ಯೋದಯಕ್ಕೆ ಅಲ್ಲಿರಿ. ಕೈಚಾಚಬೇಡಿ, ತಿಂಡಿ ಎಸೆಯಬೇಡಿ. ಓಡಲು ಹೊಲವೂ ಕಾಯಲು ಕೆಲಸವೂ ಇರುವವರು ಮಾತ್ರ ಮರಿಯನ್ನು ಕೇಳಿ, ಅದೂ ಕೇಂದ್ರದವರ ಸಲಹೆಯನ್ನು ಪಡೆದು. ಉಳಿದವರು ನೋಡಿ ಸಂತೋಷಪಟ್ಟು ಬರಿಗೈಯಲ್ಲಿ ಮರಳಿರಿ. ಹಿಮದ ನಾಯಿಯ ಮೇಲೆ ಮನಸ್ಸಾದವರು ಅಲಾಸ್ಕಕ್ಕೆ ಹೋಗಿ ಅದನ್ನು ನೋಡಿ ಬನ್ನಿ. ದಯವಿಟ್ಟು ದಾವಣಗೆರೆಗೆ ತರಬೇಡಿ.