ಮಳೆ ನಿಂತ ಮೇಲೆ ಶ್ರುತಿ

ಟ್ರಿನಿಡಾಡಿಗೆ ಹೋದರೆ ಅದನ್ನು ‘ಸ್ಟೀಲ್ ಡ್ರಮ್’ ಎನ್ನಬೇಡಿ. ನಾನು ಅಂದು ಅನ್ನಿಸಿಕೊಂಡು ಬಂದವನು. ಡ್ರಮ್ ಎಂದರೆ ಎಣ್ಣೆ ತುಂಬುವ ಪೀಪಾಯಿ. ಅದರ ತಳವನ್ನು ಬಡಿದು, ಸುಟ್ಟು, ಸ್ವರ ಹೊರಡಿಸಿದ ಮೇಲೆ ಅದು ‘ಪ್ಯಾನ್’. ಬಾರಿಸುವವನು ಪ್ಯಾನ್‌ಮನ್, ತಂಡ ಸೇರುವ ಅಂಗಳ ಪ್ಯಾನ್‌ಯಾರ್ಡ್. ಮೃದಂಗವನ್ನು ಡೋಲು ಎಂದವನ ಕಡೆ ನಮ್ಮ ಮೇಷ್ಟರು ಹೇಗೆ ನೋಡುತ್ತಿದ್ದರೋ ಅಲ್ಲಿ ಪ್ಯಾನಿಗೆ ಶ್ರುತಿ ಮಾಡುವ ಟ್ಯೂನರ್ ಒಬ್ಬ ನನ್ನನ್ನು ಹಾಗೇ ನೋಡಿದ.

ನಾನು ಪೋರ್ಟ್ ಆಫ್ ಸ್ಪೇನ್‌ಗೆ ಹೋದದ್ದು ಕ್ರಿಕೆಟ್ಟಿಗೆ, 2023ರ ಜುಲೈನಲ್ಲಿ. ನನ್ನ ವಯಸ್ಸಿನವರಿಗೆ ಅಲ್ಲಿನ ಕ್ವೀನ್ಸ್ ಪಾರ್ಕ್ ಓವಲ್ ಒಂದು ಕ್ಷೇತ್ರವಿದ್ದಂತೆ. 1976ರಲ್ಲಿ ನಾಲ್ಕನೇ ಇನಿಂಗ್ಸಿನಲ್ಲಿ 403 ರನ್ ಬೇಕಿದ್ದಾಗ ನಮ್ಮ ಭದ್ರಾವತಿಯ ವಿಶ್ವನಾಥ್ 112 ಹೊಡೆದದ್ದು ಅಲ್ಲಿ. ಅದೇ ಪಂದ್ಯದ ಮೊದಲ ಇನಿಂಗ್ಸಿನಲ್ಲಿ ಚಂದ್ರಶೇಖರ್ ಆರು ವಿಕೆಟ್ ಕಿತ್ತಿದ್ದರು. ಈ ಸಲ ಐದನೇ ದಿನ ಮಳೆ ಒಂದು ಎಸೆತಕ್ಕೂ ಬಿಡಲಿಲ್ಲ. ಟಿಕೆಟ್ಟಿನ ದುಡ್ಡು ನೀರಿಗೆ ಹೋಯಿತು. ಆದರೆ ಬೆಂಗಳೂರಿನ ಬಳೇಪೇಟೆಯಲ್ಲಿ ಮೃದಂಗಕ್ಕೆ ಮುಚ್ಚಿಗೆ ಹಾಕುವವರ ಪಕ್ಕ ಗಂಟೆಗಟ್ಟಲೆ ಕೂತು ಅಭ್ಯಾಸವಿರುವ ನನ್ನಂಥವನಿಗೆ ಆ ಊರಿನಲ್ಲಿ ಒಂದು ದಿನ ಖಾಲಿ ಸಿಕ್ಕರೆ ಎಲ್ಲಿಗೆ ಹೋಗಬೇಕೆಂದು ಯಾರೂ ಹೇಳಿಕೊಡಬೇಕಿಲ್ಲ.

ಓವಲ್ ಮೈದಾನದ ಎದುರಿಗೇ, ಟ್ರಾಗರೆಟ್ ರಸ್ತೆಯ ಆಚೆ ಬದಿಗೆ, ಬಹುಕಾಲ ಇನ್ವೇಡರ್ಸ್ ತಂಡದ ಅಂಗಳವಿತ್ತು. ಆ ತಂಡದ ಎಲಿ ಮ್ಯಾನೆಟ್ 1946ರ ಸುಮಾರಿಗೆ 55 ಗ್ಯಾಲನ್ ಪೀಪಾಯಿಯ ತಳವನ್ನು ಬಾಣಲೆಯ ಹಾಗೆ ಒಳಕ್ಕೆ ಇಳಿಸಿ ಸ್ವರ ಕೂರಿಸಿದವನು. ಅದಕ್ಕೂ ಮುಂಚೆ ಇದ್ದವು ಬಿಸ್ಕತ್ತಿನ ಡಬ್ಬಿ, ಬಣ್ಣದ ಡಬ್ಬಿ, ಕಸದ ತೊಟ್ಟಿ. ಅದಕ್ಕೂ ಹಿಂದೆ ಬಿದಿರು. 1880ರ ದಶಕದಲ್ಲಿ ಬ್ರಿಟಿಷ್ ಸರ್ಕಾರ ಬೀದಿಯಲ್ಲಿ ಚರ್ಮವಾದ್ಯ ಬಾರಿಸುವುದಕ್ಕೆ ಅಡ್ಡಿ ಹಾಕಿದಾಗ ಗುಲಾಮರ ಮಕ್ಕಳು, ಮೊಮ್ಮಕ್ಕಳು ಬಿದಿರಿನ ಬೊಂಬುಗಳನ್ನು ನೆಲಕ್ಕೆ ಕುಟ್ಟಿ ತಾಳ ಹಿಡಿದರು. ಬಿದಿರು ಸೀಳಿದರೆ ತಗಡು ಕೈಗೆ ಬಂತು. ತಗಡು ತಗ್ಗಾದಲ್ಲೆಲ್ಲ ಬೇರೆಬೇರೆ ನಾದ ಬಂತು. ಟ್ರಿನಿಡಾಡ್ ಎಣ್ಣೆ ತೆಗೆಯುವ ನಾಡು, ಎರಡನೇ ಮಹಾಯುದ್ಧದ ಕಾಲಕ್ಕೆ ಅಮೆರಿಕನ್ನರ ನೆಲೆಯೂ ಅಲ್ಲಿತ್ತು. ಪೀಪಾಯಿಗಳಿಗೆ ಬರವಿರಲಿಲ್ಲ.

ನಾನು ಉಳಿದುಕೊಂಡಿದ್ದ ಮನೆಯೊಡತಿ ಎಂಬತ್ತರ ಮುದುಕಿ. ಅವರ ಮುತ್ತಜ್ಜ ಕಬ್ಬಿನ ಗದ್ದೆಯ ಕೂಲಿಗೆಂದು ಭಾರತದಿಂದ ಹಡಗು ಹತ್ತಿದವರು. ನಾನು ನೋಡಹೊರಟ ಪ್ಯಾನ್ ಕಾರ್ಯಾಗಾರ ಲಾವೆಂಟಿಲ್ ಗುಡ್ಡದ ಬುಡದಲ್ಲಿದೆ ಎಂದೆ. “ಬೇಟಾ, ಕತ್ತಲಾಗುವ ಮೊದಲು ಬಂದುಬಿಡು” ಎಂದರು. ಅವರ ಪ್ರಾಯದಲ್ಲಿ ಒಳ್ಳೆಯ ಮನೆಯ ಹುಡುಗಿಯರು ಪ್ಯಾನ್‌ಯಾರ್ಡಿನ ಬೇಲಿಯ ಹತ್ತಿರಕ್ಕೂ ಸುಳಿಯುವಂತಿರಲಿಲ್ಲವಂತೆ. ಅದು ಸುಳ್ಳಲ್ಲ. ಡೆಸ್ಪೆರಾಡೋಸ್, ರೆನಗೇಡ್ಸ್, ಕಾಸಾಬ್ಲಾಂಕಾ ಎಂದು ಸಿನಿಮಾದ ಹೆಸರು ಹೊತ್ತ ತಂಡಗಳು ಬೀದಿಯಲ್ಲಿ ಎದುರಾದರೆ ಕಲ್ಲು, ಬಾಟಲಿ, ಕತ್ತಿ ಹೊರಬರುತ್ತಿದ್ದ ಕಾಲವದು. 1951ರಲ್ಲಿ ಆಯ್ದ ಹುಡುಗರ ತಂಡವೊಂದು ಲಂಡನ್ನಿನ ಉತ್ಸವಕ್ಕೆ ಹೋಗಿ ಬಾರಿಸಿದ ಮೇಲೆ ಊರಿನ ದೊಡ್ಡಮನುಷ್ಯರ ದನಿ ಮೆತ್ತಗಾಯಿತು. 1992ರಲ್ಲಿ ಪ್ಯಾನ್ ರಾಷ್ಟ್ರೀಯ ವಾದ್ಯವಾಯಿತು. ನಾನು ಅಲ್ಲಿದ್ದ ತಿಂಗಳಲ್ಲೇ ವಿಶ್ವಸಂಸ್ಥೆ ಆಗಸ್ಟ್ 11ನ್ನು ವಿಶ್ವ ಸ್ಟೀಲ್‌ಪ್ಯಾನ್ ದಿನವೆಂದು ಘೋಷಿಸಿತು. ಮನೆಯೊಡತಿಗೆ ಇದನ್ನು ಹೇಳಿದರೆ ಬೆಳಗಿನ ‘ಡಬಲ್ಸ್’ ಎಂಬ ತಿಂಡಿಗೆ ಕಡಲೆ ಬಡಿಸುತ್ತ “ಹೂಂ” ಎಂದರು, ಅಷ್ಟೇ.

ಕಾರ್ಯಾಗಾರವೆಂದರೆ ಜಿಂಕ್ ಶೀಟಿನ ಒಂದು ಮಾಡು, ಮೂರು ಕಡೆ ಬಯಲು. ಮಾಡಿನ ಮೇಲೆ ಮಳೆ ಧೋ ಎಂದು ಸುರಿಯುತ್ತಿತ್ತು. ಟ್ಯೂನರ್ ಅರವತ್ತು ದಾಟಿದ ಆಳು, ಕೈಯಲ್ಲಿ ಚಹಾ ಹಿಡಿದು ಸುಮ್ಮನೆ ಕೂತಿದ್ದ. “ಇವತ್ತು ಶ್ರುತಿ ಮಾಡುವುದಿಲ್ಲ. ಮಳೆಯ ಸದ್ದಿನಲ್ಲಿ ನನ್ನ ಕಿವಿಯನ್ನು ನಾನೇ ನಂಬುವುದಿಲ್ಲ. ತಳ ಇಳಿಸುವುದನ್ನು ಬೇಕಾದರೆ ನೋಡಿ, ಅದಕ್ಕೆ ಕಿವಿ ಬೇಡ” ಎಂದ.

ತಳ ಇಳಿಸುವುದಕ್ಕೆ ಒಬ್ಬ ಹುಡುಗನಿದ್ದ. ಪೀಪಾಯಿಯನ್ನು ತಲೆಕೆಳಗೆ ನಿಲ್ಲಿಸಿಕೊಂಡಿದ್ದ. ಮುಚ್ಚಳದ ಕಡೆ ತೂತಿರುತ್ತದಾದ್ದರಿಂದ ಬೇಕಾದದ್ದು ತಳವೇ. ತಗಡಿನ ದಪ್ಪ ಒಂದೂಕಾಲು ಮಿಲಿಮೀಟರಿಗಿಂತ ತುಸು ಕಮ್ಮಿ. ಸೀಮೆಸುಣ್ಣದಲ್ಲಿ ಒಂದರೊಳಗೊಂದು ವೃತ್ತ ಬರೆದು, ಹಿಡಿ ಮೊಟಕಾದ ಸಮ್ಮಟಿಗೆಯಿಂದ ಬಡಿಯತೊಡಗಿದ. ಬಡಿತಕ್ಕೊಂದು ಸುತ್ತು, ಸುತ್ತಿಗೊಂದು ಕ್ರಮ. ಒಂದೇ ಕಡೆ ಬಡಿದರೆ ತಗಡು ಹರಿಯುತ್ತದೆ. ಎಲ್ಲ ಕಡೆಯಿಂದ ತಗಡನ್ನು ಒಲಿಸಿಕೊಂಡು ಕೆಳಗೆ ತರಬೇಕು. ಟೆನರ್ ಪ್ಯಾನಿಗೆ ಸುಮಾರು ಎಂಟು ಅಂಗುಲ ಆಳ ಬೇಕು. ಅಷ್ಟು ಇಳಿಯುವ ಹೊತ್ತಿಗೆ ನಡುವಿನ ತಗಡು ಎಳೆದೆಳೆದು ಅಂಚಿಗಿಂತ ಎಷ್ಟೋ ತೆಳ್ಳಗಾಗಿರುತ್ತದೆ, ನಮ್ಮ ದೋಸೆಗೆ ತಿರುವುಮುರುವಾಗಿ. ಹುಡುಗ ಸುತ್ತಿಗೆಯನ್ನು ನನ್ನ ಕೈಗಿತ್ತ. ನಾಲ್ಕು ಏಟು ಹಾಕಿದೆ. ನಾಲ್ಕನೆಯದು ಗುರಿ ತಪ್ಪಿ ಉಗುರಿನಗಲದ ಒಂದು ಗುಳಿ ಬಿತ್ತು. ಅವನು ನಗಲೂ ಇಲ್ಲ, ಸಣ್ಣ ಸುತ್ತಿಗೆ ತಗೊಂಡು ಸರಿಮಾಡುತ್ತ ಕೂತ. ನಾಲ್ಕು ಏಟಿನ ಪಾಪಕ್ಕೆ ಹತ್ತು ನಿಮಿಷದ ಪ್ರಾಯಶ್ಚಿತ್ತ, ಅದೂ ಅವನದು.

ಆಮೇಲಿನ ಕೆಲಸಗಳನ್ನು ಬೇರೆಬೇರೆ ಪೀಪಾಯಿಗಳ ಮೇಲೆ ತೋರಿಸಿದರು. ನಯಮಾಡಿದ ಬಾಣಲೆಯಲ್ಲಿ ಸ್ವರಗಳ ಮನೆಗಳನ್ನು ಗುರುತಿಸಿ, ಮೊನೆ ಉಜ್ಜಿದ ಪಂಚಿನಿಂದ ಗಡಿಯುದ್ದಕ್ಕೂ ಚುಕ್ಕಿಚುಕ್ಕಿಯಾಗಿ ಗೆರೆ ಹೊಡೆಯುತ್ತಾರೆ. ಈ ಗೆರೆಯೇ ಒಂದು ಸ್ವರದ ಅಲುಗಾಟ ಪಕ್ಕದ ಮನೆಗೆ ಹೋಗದಂತೆ ತಡೆಯುವ ಬದು. ಪೀಪಾಯಿಯ ಗೋಡೆಯನ್ನು ಬೇಕಾದಷ್ಟು ಉಳಿಸಿಕೊಂಡು ಕತ್ತರಿಸುತ್ತಾರೆ: ಟೆನರಿಗೆ ಗೇಣಿಗಿಂತ ಕಡಿಮೆ, ಬೇಸಿಗೆ ಇಡೀ ಪೀಪಾಯಿ. ಒಂದು ಟೆನರಿನಲ್ಲಿ 28–29 ಸ್ವರ ಹಿಡಿದರೆ ಒಂದು ಬೇಸ್ ಪೀಪಾಯಿಯಲ್ಲಿ ಮೂರೇ. ಅದಕ್ಕೇ ಬೇಸ್ ನುಡಿಸುವವನು ಆರೋ ಒಂಬತ್ತೋ ಪೀಪಾಯಿಗಳ ನಡುವೆ ನಿಂತು ಕುಣಿಯಬೇಕು.

ಮಳೆ ಸ್ವಲ್ಪ ಹೊಳವಾದಾಗ ಸುಡುವ ಕೆಲಸ ಆಯಿತು. ಹಳೆಯ ಟೈರು ಉರಿಸುತ್ತಿದ್ದ ಕಾಲವೊಂದಿತ್ತು, ಇವನದು ಸೌದೆ. ಬೋರಲು ಹಾಕಿದ ಪ್ಯಾನ್ ಬೆಂಕಿಯ ಮೇಲೆ ಕೆಲವೇ ನಿಮಿಷ ಇತ್ತು. ತಗಡು ಮೊದಲು ಒಣಹುಲ್ಲಿನ ಬಣ್ಣಕ್ಕೆ ತಿರುಗಿತು, ಆಮೇಲೆ ಕಂದು, ಆಮೇಲೆ ಅಂಚಿನಲ್ಲಿ ನವಿಲುಕತ್ತಿನ ನೀಲಿ ಹಬ್ಬತೊಡಗಿತು. ಟ್ಯೂನರ್ ಆವರೆಗೆ ಆರಾಮಾಗಿ ಮಾತಾಡುತ್ತಿದ್ದವನು ಥಟ್ಟನೆ ಎದ್ದು ಇಕ್ಕಳ ಹಾಕಿ ತೆಗೆದುಬಿಟ್ಟ. ಸುತ್ತಿಗೆಯ ಏಟಿಗೆ ಬಿಗಿದುಕೊಂಡ ಉಕ್ಕಿನ ಒಳಸೆಳೆತವನ್ನು ಸಡಿಲಿಸಿ, ಆದರೆ ಉಕ್ಕನ್ನು ಮೆತ್ತಗಾಗಿಸದೆ ಗಟ್ಟಿ ಕೂರಿಸುವ ಬೆಂಕಿ ಇದು. ಕಮ್ಮಿಯಾದರೆ ಶ್ರುತಿ ನಿಲ್ಲುವುದಿಲ್ಲ, ಹೆಚ್ಚಾದರೆ ದನಿಯೇ ಸತ್ತುಹೋಗುತ್ತದೆ. ಇದಕ್ಕೆ ‘ಹದ’ ಎನ್ನುತ್ತೇವೆ ಎಂದೆ. ಬೆಲ್ಲದ ಪಾಕಕ್ಕೂ ಮಣ್ಣಿಗೂ ಕುಡುಗೋಲಿಗೂ ಅದೇ ಮಾತು ಎಂದು ವಿವರಿಸಹೊರಟೆ. ಅವನು ಆಗಲೇ ಪ್ಯಾನನ್ನು ತಿರುಗಿಸಿ ಬೆರಳಿನಿಂದ ತಟ್ಟುತ್ತಿದ್ದ.

ಮರುದಿನ ಬಿಸಿಲು. ನಾನು ಬರುವಷ್ಟರಲ್ಲಿ ಅವನು ಹಿಂದೆ ಸುಟ್ಟಿಟ್ಟಿದ್ದ ಒಂದು ಟೆನರನ್ನು ಮುಂದಿಟ್ಟುಕೊಂಡಿದ್ದ. ಒಂದು ಕೈಯಲ್ಲಿ ರಬ್ಬರು ಸುತ್ತಿದ ಕೋಲು, ಇನ್ನೊಂದರಲ್ಲಿ ಪುಟ್ಟ ಸುತ್ತಿಗೆ, ಪಕ್ಕದಲ್ಲಿ ಶ್ರುತಿ ಅಳೆಯುವ ಯಂತ್ರ. ಅಡಿಯಿಂದ ಎರಡು ಏಟು, ಮೇಲಿನಿಂದ ಒಂದು, ಕೋಲಿನಿಂದ ಒಮ್ಮೆ ತಟ್ಟಿ ಆಲಿಸುವುದು. ಮುಖ್ಯ ಸ್ವರ ಸಿಕ್ಕಿತೆಂದು ಯಂತ್ರ ಹೇಳಿತು. ನಾನು ಮುಗಿಯಿತೆಂದುಕೊಂಡೆ. ನಿಜವಾದ ಕೆಲಸ ಶುರುವಾದದ್ದೇ ಅಲ್ಲಿಂದ. ಪ್ರತಿಯೊಂದು ಮನೆಯಲ್ಲೂ ಆ ಸ್ವರದ ತಾರಸ್ಥಾಯಿಯನ್ನೂ, ಆಗುವಲ್ಲೆಲ್ಲ ಅದರಾಚೆಯ ಪಂಚಮವನ್ನೂ ಕೂರಿಸಬೇಕು. ಮನೆ ಮೊಟ್ಟೆಯಾಕಾರಕ್ಕಿರುತ್ತದೆ, ಉದ್ದಕ್ಕೆ ತಿದ್ದಿದರೆ ಒಂದು, ಅಡ್ಡಕ್ಕೆ ತಿದ್ದಿದರೆ ಇನ್ನೊಂದು. ಇವು ಕೂಡದಿದ್ದರೆ ಸ್ವರ ಸರಿಯಿದ್ದರೂ ಡಬ್ಬಿ ಬಡಿದಂತೆ ಕೇಳುತ್ತದೆ. ಹೀಗೆ ಉಪಸ್ವರಗಳನ್ನು ಹಿಡಿದು ತಿದ್ದುವ ಹಾದಿಯನ್ನು ತೆರೆದವನು ಬರ್ಟಿ ಮಾರ್ಷಲ್. ಬಿಸಿಲಿಗೆ ಶ್ರುತಿ ಜಾರುತ್ತದೆಂದು ಮೆರವಣಿಗೆಯ ಪ್ಯಾನುಗಳಿಗೆ ಚಪ್ಪರ ಕಟ್ಟಿದವನೂ ಅವನೇ.

ಇಲ್ಲಿ ನನಗೆ ಸಿ.ವಿ. ರಾಮನ್ ನೆನಪಾದರು. ಬರೀ ಚರ್ಮಕ್ಕೆ ಹೊಡೆದರೆ ಹುಟ್ಟುವ ಉಪಸ್ವರಗಳು ಒಂದಕ್ಕೊಂದು ಹೊಂದುವುದಿಲ್ಲ. ಮೃದಂಗದ, ತಬಲಾದ ನಡುವಿನ ಕಪ್ಪು ಕರಣೆಯ ಭಾರ ಅವನ್ನು ಸಾಲಿಗೆ ತರುತ್ತದೆಂದು ಅವರು ತೋರಿಸಿದ್ದು. 1934ರಲ್ಲಿ ಬೆಂಗಳೂರಿನಲ್ಲಿದ್ದಾಗ ಅದನ್ನು ವಿವರವಾಗಿ ಬರೆದರು. ನಾವು ಅನ್ನ, ಕಿಟ್ಟದ ಪುಡಿ ಅರೆದು ಮೆತ್ತಿ ಮಾಡುವುದನ್ನು ಇವನು ಏನೂ ಮೆತ್ತದೆ, ತಗಡಿನ ಉಬ್ಬುತಗ್ಗಿನಲ್ಲೇ ಮಾಡುತ್ತಿದ್ದ.

ಇನ್ನೊಂದು ತೊಡಕು ಅವನಿಗಿತ್ತು, ನಮ್ಮ ಮೃದಂಗದವರಿಗೆ ಇಲ್ಲದ್ದು. ಎಲ್ಲ ಸ್ವರಗಳೂ ಒಂದೇ ತಗಡಿನಲ್ಲಿವೆ. ಒಂದನ್ನು ತಿದ್ದಿದರೆ ಪಕ್ಕದ್ದು ಕದಲುತ್ತದೆ, ಅದನ್ನು ತಿದ್ದಹೋದರೆ ಮೊದಲನೆಯದು. ಬದು ಹಾಕಿದ ಮಾತ್ರಕ್ಕೆ ನೆರೆಹೊರೆ ತಪ್ಪುವುದಿಲ್ಲ. ಹಾಗಾದರೆ ನೆರೆಯವರನ್ನೇ ನೋಡಿ ಆರಿಸಬೇಕು. ಆಂಥನಿ ವಿಲಿಯಮ್ಸ್ ಎಂಬಾತ ಅದನ್ನು ಮಾಡಿದ. ಹೊರಸುತ್ತಿನಲ್ಲಿ ಹನ್ನೆರಡು ಸ್ವರ. ಷಡ್ಜದ ಒಂದು ಪಕ್ಕ ಪಂಚಮ, ಇನ್ನೊಂದು ಪಕ್ಕ ಮಧ್ಯಮ. ಪಂಚಮಕ್ಕೆ ಅದರದೇ ಪಂಚಮ ಪಕ್ಕದಲ್ಲಿ. ಹೀಗೆ ಹನ್ನೆರಡು ಹೆಜ್ಜೆ ಸುತ್ತಿದರೆ ಮತ್ತೆ ಷಡ್ಜ. ಪ್ರತಿ ಸ್ವರದ ತಾರಸ್ಥಾಯಿ ಅದರ ಒಳಮಗ್ಗುಲಿಗೇ ಕೂತಿರುತ್ತದೆ. ಒಂದನ್ನು ಬಾರಿಸಿದಾಗ ಪಕ್ಕದವು ತಾವಾಗಿ ಮಿಡಿದರೂ ಕೇಳಲು ಹಿತ, ಏಕೆಂದರೆ ಅವು ಹೇಗೂ ಸೇರುವ ಸ್ವರಗಳೇ. ಮದುವೆ ಊಟಕ್ಕೆ ಪಂಕ್ತಿ ಕೂರಿಸುವ ಚಾಣಾಕ್ಷ ಮಾವನ ಕೆಲಸ ಇದು: ಮಾತು ಬಿಟ್ಟವರನ್ನು ಅಕ್ಕಪಕ್ಕ ಕೂರಿಸಬಾರದು. 1963ರಲ್ಲಿ ಪ್ಯಾನ್ ತಂಡಗಳ ಮೊದಲ ಪನೋರಮಾ ಸ್ಪರ್ಧೆ ಗೆದ್ದದ್ದು ಈತನ ನಾರ್ತ್ ಸ್ಟಾರ್ಸ್ ತಂಡ. ಪ್ಯಾನಿನ ಚರಿತ್ರೆಯಲ್ಲಿ ಪೀಪಾಯಿ ಹುಡುಕಿದವರ ಹೆಸರಿಗೆ ಜಗಳವಿದೆ. ನನ್ನ ಮಟ್ಟಿಗೆ ಅದು ದೊಡ್ಡ ಸಂಗತಿಯಲ್ಲ. ಪಂಕ್ತಿ ಹಾಕಿದವನೇ ದೊಡ್ಡವನು.

ಟ್ಯೂನರ್ ಕೋಲನ್ನು ನನ್ನ ಕಡೆ ಚಾಚಿದ. “ಇದು ಮತ್ತು ಇದು. ಯಾವುದು ತಪ್ಪಿದೆ?” ಎರಡನ್ನೂ ತಟ್ಟಿದೆ. ಎರಡೂ ಜೇನಿನಷ್ಟು ಸೊಗಸಾಗಿದ್ದವು. ಊಹಿಸಿ ಒಂದನ್ನು ತೋರಿಸಿದೆ. ಅವನು ತಲೆಯಾಡಿಸಿ, ನಾನು ತೋರಿಸದ ಮೂರನೆಯದೊಂದರ ಅಡಿಗೆ ಸುತ್ತಿಗೆ ಕೊಟ್ಟು ಹಗುರಾಗಿ ಒಂದೇ ಒಂದು ತಟ್ಟಿದ. ಮೊದಲಿನ ಎರಡನ್ನು ಮತ್ತೆ ಬಾರಿಸು ಎಂದ. ಬಾರಿಸಿದೆ. ಹಿಂದಿನದರಲ್ಲಿ ಏನೋ ಒಂದು ಸಣ್ಣ ಗೊರಗೊರ ಇತ್ತೆಂದು ಅದು ಹೋದ ಮೇಲೆ ನನಗೆ ಗೊತ್ತಾಯಿತು.

ಈ ಪ್ಯಾನ್ ಇನ್ನು ಕ್ರೋಮ್ ಲೇಪಕ್ಕೆ ಹೋಗಬೇಕು. ಲೇಪವಾದ ಮೇಲೆ ಶ್ರುತಿ ಮತ್ತೆ ತುಸು ಕದಲುತ್ತದೆ, ಮತ್ತೆ ತಿದ್ದಬೇಕು. ಕ್ರೋಮಿಲ್ಲದ ಕಪ್ಪು ಪ್ಯಾನಿನ ದನಿಯೇ ನನಗೆ ಹೆಚ್ಚು ಹಿಡಿಸಿತು. ಆದರೆ ಆ ಸಮುದ್ರದ ಗಾಳಿಗೆ ಅದು ವರ್ಷದೊಳಗೆ ತುಕ್ಕು ಹಿಡಿಯುತ್ತದೆಂದು ಹುಡುಗ ಹೇಳಿದ. ದೂರದಲ್ಲೆಲ್ಲೋ ಮದುವೆಗೋ ಏನಕ್ಕೋ ತಾಸಾ ಬಾರಿಸುತ್ತಿದ್ದರು. ಅಲ್ಲಿಗೆ ಹೋದ ನಮ್ಮವರು ಕೊಂಡೊಯ್ದ ಚರ್ಮವಾದ್ಯ ಅದು. ಮಂಗಳೂರಿನ ಹುಲಿವೇಷಕ್ಕೆ ಬಾರಿಸುವ ತಾಸೆಯ ಒಡಹುಟ್ಟು, ಅದರಂತೆಯೇ ಬೆಂಕಿಗೆ ಹಿಡಿದು ಬಿಗಿ ಮಾಡುವಂಥದ್ದು. ಟ್ಯೂನರ್ ಸ್ವಲ್ಪ ಹೊತ್ತು ಅದನ್ನು ಕೇಳಿ, ಸುತ್ತಿಗೆ ಎತ್ತಿಕೊಂಡು ಒಳಸುತ್ತಿನ ಸ್ವರಗಳಿಗೆ ಬಂದ. ಏಳೋ ಎಂಟೋ ಮನೆ ಆಗಿತ್ತು.

ಜಿಂಕ್ ಶೀಟಿನ ಮೇಲೆ ಟಪ್ ಎಂದು ಒಂದು ಹನಿ ಬಿತ್ತು. ಇನ್ನೊಂದು ಬಿತ್ತು. ಅವನು ಪ್ಯಾನಿನ ಮೇಲೆ ಗೋಣಿತಾಟು ಹೊದಿಸಿ, ಯಂತ್ರದ ಗುಂಡಿ ಆರಿಸಿ, ಚಹಾ ಇಡು ಎಂದ. ಹುಡುಗ ಮೂಲೆಯಿಂದ ಹೊಸ ಪೀಪಾಯಿಯೊಂದನ್ನು ಉರುಳಿಸಿಕೊಂಡು ಬಂದ.