ಅಗಸ್ಟಾದ ಹುಲ್ಲುಹಾಸು

ಪುರುಷರ ಗಾಲ್ಫ್‌ನ ನಾಲ್ಕು ಮೇಜರ್ ಟೂರ್ನಿಗಳಲ್ಲಿ ಪ್ರತಿವರ್ಷವೂ ಒಂದೇ ಮೈದಾನದಲ್ಲಿ ನಡೆಯುವುದು ಮಾಸ್ಟರ್ಸ್ ಮಾತ್ರ. 1934ರಲ್ಲಿ ಆರಂಭವಾದ ಈ ಟೂರ್ನಿಯ ನೆಲೆ ಅಮೆರಿಕದ ಜಾರ್ಜಿಯಾದಲ್ಲಿರುವ ಅಗಸ್ಟಾ ನ್ಯಾಷನಲ್. ಗಾಲ್ಫ್ ಆಟಗಾರ ಬಾಬಿ ಜೋನ್ಸ್ ಮತ್ತು ಮೈದಾನ ವಿನ್ಯಾಸಕ ಅಲಿಸ್ಟರ್ ಮೆಕೆಂಜಿ ಇದನ್ನು ರೂಪಿಸಿದ್ದು ಹಿಂದೊಮ್ಮೆ ನರ್ಸರಿಯಾಗಿದ್ದ ಜಾಗದಲ್ಲಿ; ಹದಿನೆಂಟು ಹೋಲ್‌ಗಳಿಗೂ ಗಿಡಮರಗಳ ಹೆಸರಿದೆ.

ಟಿ.ವಿ. ಪರದೆಯಲ್ಲಿ ಚಪ್ಪಟೆಯಾಗಿ ಕಾಣುವ ಈ ನೆಲ ವಾಸ್ತವದಲ್ಲಿ ಗುಡ್ಡಗಾಡು. ಹತ್ತನೆಯ ಹೋಲ್‌ನಲ್ಲಿ ಮೊದಲ ಹೊಡೆತದ ಜಾಗವಾದ ಟೀಯಿಂದ ರಂಧ್ರದ ಸುತ್ತಲಿನ ಗ್ರೀನ್‌ವರೆಗೆ ಇಳಿಜಾರೇ ಸುಮಾರು 30 ಮೀಟರ್. ಇವೆರಡರ ನಡುವಿನ ಫೇರ್‌ವೇಯ ಹುಲ್ಲನ್ನು ಗ್ರೀನ್ ಕಡೆಯಿಂದ ಟೀಯತ್ತ ಕತ್ತರಿಸುತ್ತಾರೆ. ಎಸಳುಗಳೆಲ್ಲ ಆಟಗಾರನ ಕಡೆಗೆ ಬಾಗುವುದರಿಂದ ಚೆಂಡಿನ ಉರುಳಾಟ ತಗ್ಗುತ್ತದೆ. ನೋಡುಗರ ಕಣ್ಣಿಗೆ ಬೀಳದ ಜಾಣತನವಿದು! ಗ್ರೀನ್‌ಗಳಲ್ಲಿ ಬೆಂಟ್‌ಗ್ರಾಸ್ ಎಂಬ ನವಿರು ಹುಲ್ಲು. ಅದರಡಿ ತೇವವನ್ನು ಹೀರಿ ತೆಗೆಯುವ ಕೊಳವೆಜಾಲ. ಮಳೆ ಬಂದು ನಿಂತರೂ ಮೇಲ್ಮೈ ಬೇಗ ಬಿಗಿಯಾಗುತ್ತದೆ, ಚೆಂಡು ಎಣ್ಣೆ ಸವರಿದ ಕಲ್ಲಿನ ಮೇಲೆಂಬಂತೆ ಜಾರುತ್ತದೆ.

ಇಂಥ ಗ್ರೀನ್‌ನಲ್ಲಿ ರಂಧ್ರದತ್ತ ನೇರವಾಗಿ ಹೊಡೆಯುವುದು ಹಲವು ಸಲ ದಡ್ಡತನ. 2005ರ ಟೂರ್ನಿಯ ಕೊನೆಯ ದಿನ, ಹದಿನಾರನೆಯ ಹೋಲ್‌ನಲ್ಲಿ ಟೈಗರ್ ವುಡ್ಸ್ ಚೆಂಡನ್ನು ರಂಧ್ರದಿಂದ ಬಹುದೂರ ಎಡಕ್ಕೆ ಚಿಪ್ ಮಾಡಿದರು, ಅಂದರೆ ಮೆಲ್ಲನೆ ಎತ್ತಿ ಹೊಡೆದರು. ಚೆಂಡು ದಿಬ್ಬವೇರಿ, ವೇಗ ಕಳೆದುಕೊಂಡು, ಬಲಕ್ಕೆ ತಿರುಗಿ ಇಳಿಯಿತು. ರಂಧ್ರದ ಅಂಚಿನಲ್ಲಿ ಕ್ಷಣ ನಿಂತು ಒಳಗೆ ಬಿತ್ತು. ವುಡ್ಸ್ ಅಳೆದದ್ದು ರಂಧ್ರದ ದೂರವನ್ನಲ್ಲ, ಇಳಿಜಾರಿನ ಸ್ವಭಾವವನ್ನು.

ಇಳಿಜಾರಷ್ಟೇ ಅಲ್ಲ, ನೀರು ಗಾಳಿಗಳ ಪರೀಕ್ಷೆಯೂ ಇಲ್ಲಿದೆ. ಹನ್ನೆರಡನೆಯ ಹೋಲ್ ಬರೀ 155 ಗಜ. ಆದರೆ ಮುಂದೆ ರೇಸ್ ಕ್ರೀಕ್ ತೊರೆ, ಅಗಲವಿದ್ದರೂ ಆಳವಿಲ್ಲದ ಗ್ರೀನ್, ಪೈನ್ ಮರಗಳ ನಡುವೆ ಸುಳಿದು ದಿಕ್ಕು ಬದಲಿಸುವ ಗಾಳಿ. 2016ರಲ್ಲಿ ಮುನ್ನಡೆಯಲ್ಲಿದ್ದ ಜೋರ್ಡನ್ ಸ್ಪೀತ್ ಇಲ್ಲಿ ಎರಡು ಚೆಂಡುಗಳನ್ನು ನೀರಿಗೆ ಹಾಕಿ, ಮೂರು ಹೊಡೆತಗಳ ಹೋಲ್‌ಗೆ ಏಳು ತೆಗೆದುಕೊಂಡರು.